ಯಾವ ರೆಪ್ಪೆ ಎಂದು ಕೇಳಿದ ಉಮಾವತಿಯವರು

ಮುಂಬಯಿ ಪಕ್ಕದ ಠಾಣೆ ನಗರದಿಂದ ಕಲ್ಯಾಣದವರೆಗೆ, ಅತ್ತ ನವಿಮುಂಬಯಿಯ ತುದಿಯವರೆಗೆ, ಕಣ್ಣಿನ ಆಸ್ಪತ್ರೆಗಳ ಕೋಡಿಂಗ್ ವಿಭಾಗದಲ್ಲಿ ಕೂತ ಯಾರನ್ನು ಕೇಳಿದರೂ ಶ್ರೀಮತಿ ಉಮಾವತಿಯವರ ಹೆಸರು ಗೊತ್ತು. ಆದರೆ ಅವರು ಯಾವ ಕ್ಷೇತ್ರದ ಹಿರಿಯರು ಎಂದು ಕೇಳಿದರೆ ಒಬ್ಬೊಬ್ಬರದು ಒಂದೊಂದು ಉತ್ತರ. ವೈದ್ಯರು ಬರೆದ ಕಾಯಿಲೆಗೆ ಜಗತ್ತು ಒಪ್ಪಿದ ಸಂಖ್ಯೆಯನ್ನು ಹುಡುಕಿ ಕಂಪ್ಯೂಟರಿಗೆ ಏರಿಸುವುದು ಕೋಡಿಂಗ್. ಊದಿ, ಕೆಂಪಾಗಿ, ಬುಡದಲ್ಲಿ ಹೊಟ್ಟು ಕಟ್ಟಿದ ರೆಪ್ಪೆಗೆ ಶಾಖ ಕೊಟ್ಟು ಒರೆಸುವುದು ಶುಶ್ರೂಷೆ. ಠಾಣೆಯ ನೌಪಾಡಾದ ನಮ್ಮ ಆಸ್ಪತ್ರೆಯಲ್ಲಿ ಬೆಳಿಗ್ಗೆ ಶುಶ್ರೂಷೆಯನ್ನೂ ಮಧ್ಯಾಹ್ನ ಕೋಡಿಂಗನ್ನೂ ಮಾಡುತ್ತ ಬಂದ ಅವರ ಹೆಸರಿನ ಕೆಳಗೆ, ಈ ಅಭಿನಂದನ ಗ್ರಂಥದ ಮುಖಪುಟದಲ್ಲಿ ಏನೆಂದು ಅಚ್ಚು ಹಾಕಿಸಬೇಕೋ ಸಂಪಾದಕ ಮಂಡಳಿಗೂ ಹೊಳೆಯಲಿಲ್ಲ. ಅವರನ್ನೇ ಕೇಳಿದ್ದಕ್ಕೆ, "ಎಂತ ಬರೀಲಿಕ್ಕುಂಟು? ಹೆಸರುಂಟಲ್ಲ, ಸಾಲದಾ?" ಎಂದು ನಕ್ಕರು.

ಉಡುಪಿ ಕಡೆಯವರಾದ ಉಮಾವತಿಯವರು ಮದುವೆಯಾಗಿ ಠಾಕುರ್ಲಿಗೆ ಬಂದಾಗ, ಪತಿ ಶಂಭು ಅವರು ಡೊಂಬಿವಲಿಯ ಹೋಟೆಲೊಂದರ ಗಲ್ಲಾದಲ್ಲಿ ಕೂರುತ್ತಿದ್ದರು. ಆ ಹೋಟೆಲಿನ ಒಲೆಯ ಮುಂದೆ ನಿಲ್ಲುವವರೆಲ್ಲರ ಕಣ್ಣಂಚು ಸದಾ ಕೆಂಪು. ಅದೇಕೆ ಹಾಗೆ ಎಂಬ ಗೊಂದಲವೊಂದನ್ನೇ ಸೆರಗಿಗೆ ಕಟ್ಟಿಕೊಂಡು ಈ ಹೆಣ್ಣುಮಗಳು ನೌಪಾಡಾದ ಆಸ್ಪತ್ರೆಗೆ ನರ್ಸಮ್ಮನ ಸಹಾಯಕಿಯಾಗಿ ಸೇರಿದರು. ವೈದ್ಯರು ಬ್ಲೆಫರೈಟಿಸ್ ಎನ್ನುವ ಈ ರೆಪ್ಪೆಯುರಿ ಬೇರುಸಹಿತ ಕಿತ್ತುಹೋಗುವ ಕಾಯಿಲೆಯಲ್ಲ, ದಿನದಿನವೂ ಓಲೈಸುತ್ತ ಹದ್ದುಬಸ್ತಿನಲ್ಲಿಡಬೇಕಾದ ಕಾಯಿಲೆ ಎಂಬುದನ್ನು ಅಲ್ಲಿ ಕಲಿತರು. ಬಿಸಿನೀರಿನಲ್ಲಿ ಅದ್ದಿ ಹಿಂಡಿದ ಬಟ್ಟೆಯನ್ನು ಮೊದಲು ತಮ್ಮ ಮಣಿಕಟ್ಟಿನ ಒಳಬದಿಗೆ ಮುಟ್ಟಿಸಿ, ಆಮೇಲೆ ರೋಗಿಯ ಮುಚ್ಚಿದ ಕಣ್ಣಿನ ಮೇಲಿಡುವರು. ಹೊಟ್ಟು ಮೆತ್ತಗಾದ ಮೇಲೆ ರೆಪ್ಪೆಗೂದಲಿನ ಬುಡವನ್ನು ಹತ್ತಿಯಿಂದ, ಮಲಗಿದ ಮಗುವಿನ ಬಾಯಿ ಒರೆಸುವಷ್ಟು ಹಗುರವಾಗಿ ಒರೆಸುವರು. ಕಾಡಿಗೆ ಬಿಡಲಾರೆನೆಂದು ಹಟ ಹಿಡಿದ ಹುಡುಗಿಯರಿಗೆ ಅವರು ಗದರಿದ್ದಿಲ್ಲ. "ಉರಿ ಇಳಿಯುವವರೆಗೆ ಕಾಡಿಗೆಗೂ ಸ್ವಲ್ಪ ರಜೆ ಕೊಡುವಾ" ಎನ್ನುವರು.

ಆಸ್ಪತ್ರೆಗೆ ಕಂಪ್ಯೂಟರು ಬಂದಾಗ ಕೋಡಿಂಗ್ ಕಲಿಯಲು ಮುಂದೆ ಬಂದವರೂ ಅವರೇ, ಮುಂದೆ ಅದನ್ನು ಎಲ್ಲರಿಗೂ ಕಲಿಸಿದವರೂ ಅವರೇ. ಅವರ ಕೈಕೆಳಗೆ ಸೇರಿದವರು ಮೊದಲ ದಿನ ತಮ್ಮ ರೆಪ್ಪೆಯನ್ನು ತಾವೇ ತೊಳೆದುಕೊಳ್ಳದೆ ಕಂಪ್ಯೂಟರ್ ಮುಟ್ಟುವ ಹಾಗಿರಲಿಲ್ಲ. ಬಲ ಮೇಲ್ರೆಪ್ಪೆಗೊಂದು ಸಂಖ್ಯೆ, ಎಡ ಮೇಲ್ರೆಪ್ಪೆಗೊಂದು, ಕೆಳಗಿನವಕ್ಕೆ ಬೇರೆಯವು. ಯಾವ ರೆಪ್ಪೆಯೆಂದು ತಮ್ಮ ಬೆರಳಿಗೇ ಗೊತ್ತಾಗದವರು ಸಂಖ್ಯೆ ಹಾಕುವುದೆಂತು ಎಂಬುದು ಅವರ ವಾದ. ನೌಪಾಡಾದ ವೈದ್ಯರು ರೋಗಿಯನ್ನು ಎದುರಿಗೆ ಕೂರಿಸಿ, ಕಂಡದ್ದನ್ನು ಕಂಡಂತೆ ಕಾಗದದ ಮೇಲೆ ಎರಡು ಕಣ್ಣು ಬಿಡಿಸುತ್ತಿದ್ದರು. ಎದುರು ಕೂತವರ ಬಲ ನಮ್ಮ ಎಡಕ್ಕೆ ಬರುವುದರಿಂದ, "ಕಾಗದದ ಎಡ ಅಂದರೆ ಪೇಷಂಟಿನ ಬಲ, ತಿರುಗಿಸಿ ಹಾಕಿ" ಎಂದು ಉಮಾವತಿಯವರು ಎಲ್ಲರಿಗೂ ಬಾಯಿಪಾಠ ಮಾಡಿಸಿದ್ದರು. ಈ ಪಾಠವೇ ಒಂದು ದಿನ ಅವರನ್ನು ದಿಕ್ಕೆಡಿಸಿತು.

ಕಲಬುರಗಿ ಕಡೆಯಿಂದ ಬಂದ ದ್ರೌಪದಿ ಎಂಬಾಕೆ, ಗಂಡ ಚಂದ್ರಾಮನೊಂದಿಗೆ ಕಟ್ಟಡದ ಕೆಲಸ ಎಲ್ಲಿದೆಯೋ ಅಲ್ಲಿಗೆ ಬಿಡಾರ ಸಾಗಿಸುವವಳು. ಕಲ್ಯಾಣದಲ್ಲಿ ಕೆಲಸವಿದ್ದಾಗ ನೌಪಾಡಾದಲ್ಲೂ, ನವಿಮುಂಬಯಿಯಲ್ಲಿದ್ದಾಗ ನಮ್ಮ ಸೀವುಡ್ಸ್ ಶಾಖೆಯಲ್ಲೂ ಕಣ್ಣು ತೋರಿಸುತ್ತಿದ್ದಳು. ಎರಡೂ ಕಡೆ ರೆಪ್ಪೆಯುರಿ ಎಂದೇ ಹೇಳಿ ಅದೇ ಮುಲಾಮು ಕೊಟ್ಟಿದ್ದರು. ಕಳೆದ ಚಳಿಗಾಲದ ಒಂದು ಬೆಳಿಗ್ಗೆ ಆಕೆ ಮತ್ತೆ ನೌಪಾಡಾಕ್ಕೆ ಬಂದಳು. ಶಾಖ ಕೊಡಲು ಬಾಗಿದ ಉಮಾವತಿಯವರಿಗೆ ಬಲ ಮೇಲ್ರೆಪ್ಪೆ ದಪ್ಪಗಾಗಿ, ಒಂದು ಕಡೆ ರೆಪ್ಪೆಗೂದಲೇ ಇಲ್ಲದಿರುವುದು ಕಾಣಿಸಿತು. ಎಡಗಣ್ಣು ಮಾತ್ರ ತೊಳೆದಿಟ್ಟ ಹಾಗಿತ್ತು. ಮಧ್ಯಾಹ್ನ ಮೇಜಿಗೆ ಬಂದು ಆಕೆಯ ಹಳೆಯ ಭೇಟಿಗಳನ್ನು ತೆರೆದರೆ, ನೌಪಾಡಾದಲ್ಲಿ ಬಲ ರೆಪ್ಪೆಯ ಸಂಖ್ಯೆ, ಸೀವುಡ್ಸಿನಲ್ಲಿ ಎಡ ರೆಪ್ಪೆಯದು.

ಅಜ್ಜಿಯರು ಹೇಳುವ ಕತೆಗಳಲ್ಲಾದರೆ ರಾಣಿಯ ನೋವು ದಾಸಿಗೆ ಹಾರುತ್ತದೆ, ಏಳು ಸಮುದ್ರ ದಾಟಿ ಗಿಳಿಯ ಕೊರಳಿಗೂ ಸೇರುತ್ತದೆ; ಕೇಳುವ ಮಕ್ಕಳು ಹೂಂಗುಟ್ಟುತ್ತಾರೆ. ಉರಿ ಠಾಣೆಯ ಖಾಡಿಯ ಹಿನ್ನೀರು ದಾಟಿ ನವಿಮುಂಬಯಿಗೆ ಹೋದಾಗ ಎಡಕ್ಕೂ ಈಚೆ ಬಂದಾಗ ಬಲಕ್ಕೂ ಹಾರುವುದೆಂದರೆ ಉಮಾವತಿಯವರಿಗೆ ಹೂಂಗುಟ್ಟಲು ಬರಲಿಲ್ಲ. ಔಷಧಿಯ ಸಾಲು ಮುಗಿಸಿ ಆಗಷ್ಟೇ ಮುಲಾಮು ಹಿಡಿದು ಹೊರಟಿದ್ದ ದ್ರೌಪದಿಯನ್ನು ಬಾಗಿಲ ಬಳಿ ತಡೆದು ಕೇಳಿದರು.

"ಯಾವ ಕಣ್ಣು ಮಾರಾಯ್ತಿ ನಿಂದು? ಸೀವುಡ್ಸಲ್ಲಿ ಈ ಎಡದ್ದು ಬಾತಿತ್ತಾ?"

"ಇಲ್ರೀ ಅಕ್ಕಾರ. ಯಾವಾಗ್ಲೂ ಇದೇ, ಉಣ್ಣೂ ಕೈ ಬಾಜೂದು. ಆ ಕಣ್ಣಿಗಿ ಏನೂ ಆಗಿಲ್ಲ."

"ಹಾಗಾದ್ರೆ ನಾಳೆ ಒಂದು ದಿನ ನಿಲ್ಲು. ಡಾಕ್ಟ್ರಿಗೆ ಇನ್ನೊಮ್ಮೆ ತೋರಿಸುವಾ."

"ನಾಳಿಗಿ ಊರಿಗಿ ಹೊಂಟೀವ್ರೀ, ಎಳ್ಳ ಅಮಾಸಿ ಅದ. ಯಾಕ ನಿಲ್ಲಬೇಕು?"

"ಯಾಕೆ ಅಂತ ನಂಗೂ ಗೊತ್ತಿಲ್ಲ."

ದ್ರೌಪದಿ ಸೆರಗು ಬಾಯಿಗಿಟ್ಟು ನಕ್ಕಳು. "ಗೊತ್ತಿಲ್ದಽ ಹಿಡದ ನಿಂದರಸ್ತೀರಲ್ರೀ! ಆತು, ನಮ್ಮ ಮನಿಯವ್ರು ಬೈದ್ರ ನಿಮ್ಮ ಕಡೀಗೇ ಕಳಸ್ತೀನಿ ನೋಡ್ರಿ."

ಗೊತ್ತಿಲ್ಲವೆಂದದ್ದು ಮುಚ್ಚುಮರೆಯ ಮಾತಲ್ಲ. ರೆಪ್ಪೆಯುರಿ ಸಾಮಾನ್ಯವಾಗಿ ಎರಡೂ ಕಣ್ಣಿನಲ್ಲಿ ಠಿಕಾಣಿ ಹೂಡುತ್ತದೆಂಬುದು ಅವರ ಕೈಗೆ ರೂಢಿ. ಒಂದೇ ರೆಪ್ಪೆಯಲ್ಲಿ ಹಟ ಹಿಡಿದು ಕೂತರೆ ಅದಕ್ಕೇನರ್ಥವೆಂಬುದು ವೈದ್ಯರು ಹೇಳಬೇಕಾದ ಮಾತು. ಆದರೆ ವೈದ್ಯರ ಎದುರಿನ ಪರದೆಯಲ್ಲಿ ಕಾಯಿಲೆ ಎರಡೂ ಕಣ್ಣಿಗೆ ಹೋಗಿ ಬಂದಂತೆ ಕಾಣುತ್ತಿರುವಾಗ ಅವರಿಗಾದರೂ ಅನುಮಾನ ಬರುವುದು ಹೇಗೆ? ಆಕೆ ಮುಲಾಮು ಹಿಡಿದು ಊರಿಗೆ ಹೋಗಿ ತಿಂಗಳುಗಟ್ಟಲೆ ನಿಂತರೆ?

ಅಂದೇ ಮಧ್ಯಾಹ್ನ ಪನವೇಲ್ ಲೋಕಲ್ ಹಿಡಿದು ಅವರು ಸೀವುಡ್ಸಿಗೆ ಹೋದರು. ಅಲ್ಲಿಯ ಕೋಡರ್ ಕೀರ್ತನ್, ಉಮಾವತಿಯವರೇ ತಯಾರು ಮಾಡಿದ ಹುಡುಗ. ಅಲ್ಲಿಯೇ ಹುಟ್ಟಿ ಬೆಳೆದವನು, ಕನ್ನಡದಲ್ಲಿ ಕೇಳಿದರೆ ಅರ್ಧ ಹಿಂದಿಯಲ್ಲಿ ಉತ್ತರ ಕೊಡುವವನು. ದ್ರೌಪದಿಯ ಚೀಟಿಯ ಮೇಲೆ ಅಲ್ಲಿನ ವೈದ್ಯರು ಬಿಡಿಸಿದ ಕಣ್ಣುಗಳಲ್ಲಿ ಗುರುತು ಕಾಗದದ ಬಲಕ್ಕಿತ್ತು.

"ಆಂಟಿ, ಆಪ್ ಹೀ ನೇ ತೋ ಸಿಖಾಯಾ! ತಿರುಗಿಸಿ ಹಾಕು ಅಂತ ನೀವೇ ಕಲಿಸಿದ್ದು. ಕಾಗದದಲ್ಲಿ ಬಲ ಇತ್ತು, ನಾನು ಎಡ ಹಾಕಿದೆ."

"ಇಲ್ಲಿಯ ಡಾಕ್ಟ್ರು ಹೇಗೆ ಬಿಡಿಸ್ತಾರೆ ಅಂತ ಕೇಳಿದ್ದೀಯಾ?"

"ನಹೀಂ. ನೀವು ಹೇಳಿದ್ದೀರಲ್ಲ, ಬಸ್."

ಇಬ್ಬರೂ ಎದ್ದುಹೋಗಿ ವೈದ್ಯರನ್ನು ಕೇಳಿದರು. ಅವರು ರೋಗಿಯ ಮುಖವನ್ನು ರೋಗಿಯೇ ಕನ್ನಡಿಯಲ್ಲಿ ನೋಡಿಕೊಂಡಂತೆ ಬಿಡಿಸುವವರು; ಬಲ ಕಾಗದದಲ್ಲೂ ಬಲವೇ. ನೌಪಾಡಾದ ಪಾಠವನ್ನು ಭಕ್ತಿಯಿಂದ ನಡೆಸಿದ್ದಕ್ಕೆ ಸೀವುಡ್ಸಿನಲ್ಲಿ ಬಲವೆಲ್ಲ ಎಡವಾಗಿತ್ತು. ತಪ್ಪು ಯಾರದೆಂದು ಕೀರ್ತನ್ ಮುಖ ಸಣ್ಣದು ಮಾಡಿಕೊಂಡಾಗ, "ನಂದಾ, ನಿಂದಾ, ಅದೂ ಗೊತ್ತಾಗ್ತಿಲ್ಲ. ಮೊದಲು ತಿದ್ದುವಾ" ಎಂದು ಅವನ ಪಕ್ಕದಲ್ಲೇ ಕುರ್ಚಿ ಎಳೆದುಕೊಂಡರು.

ತಿದ್ದಿದ ಮೇಲೆ ದ್ರೌಪದಿಯ ಭೇಟಿಗಳೆಲ್ಲ ಒಂದೇ ರೆಪ್ಪೆಯ ಮೇಲೆ ಬಂದು ನಿಂತವು. ಇನ್ನೊಂದು ತೊಡಕು ಉಳಿಯಿತು. ಕೋಡಿಂಗಿನವರು ವೈದ್ಯರಿಗೆ ಪ್ರಶ್ನೆ ಬರೆಯಬಹುದು. ಆದರೆ ಪ್ರಶ್ನೆಯೊಳಗೆ ಉತ್ತರವನ್ನು ತುರುಕುವಂತಿಲ್ಲ, ಇದು ಇಂಥ ಕಾಯಿಲೆ ಇರಬಹುದೇ ಎಂದು ಬಾಯಿಗೆ ಮಾತು ಕೊಡುವಂತಿಲ್ಲ. ಮನಸ್ಸಿನಲ್ಲಿ ಎದ್ದ ಹೆಸರಿಲ್ಲದ ಭಯವನ್ನು ಹೊರಗಿಟ್ಟು ಅವರು ಬರೆದದ್ದು ಇಷ್ಟೇ: ಎಡಗಣ್ಣಿನ ದಾಖಲೆ ತಪ್ಪಾಗಿತ್ತು, ತಿದ್ದಲಾಗಿದೆ, ಕಾಯಿಲೆ ಒಂದೇ ರೆಪ್ಪೆಯದೋ ಎರಡೂ ಕಣ್ಣಿನದೋ, ರೋಗಿಯನ್ನು ನೋಡಿ ತಿಳಿಸಬೇಕು.

ಮರುದಿನ ಅದನ್ನು ಓದಿದ ನೌಪಾಡಾದ ಹಿರಿಯ ವೈದ್ಯ ಡಾ. ಹರಿಶ್ಚಂದ್ರರು, "ಏನು ಉಮಕ್ಕಾ, ರಿಟೈರಾಗುವ ಹೊತ್ತಿಗೆ ಬಲ ಎಡ ಕಲಿಯಲಿಕ್ಕೆ ಶುರು ಮಾಡಿದಿರಾ?" ಎಂದು ಕಾಲೆಳೆದರು.

"ಹೌದು ಡಾಕ್ಟ್ರೇ. ಅವಳು ಹೊರಗೆ ಕೂತಿದ್ದಾಳೆ, ನೀವೂ ಒಮ್ಮೆ ಕಲೀರಿ."

ನಗುತ್ತಲೇ ದ್ರೌಪದಿಯ ರೆಪ್ಪೆಯನ್ನು ಮಗುಚಿ ನೋಡಿದ ವೈದ್ಯರ ನಗು ಅಲ್ಲಿಗೇ ನಿಂತಿತು. ರೆಪ್ಪೆಯ ಚೂರನ್ನು ತೆಗೆದು ಪರೀಕ್ಷೆಗೆ ಕಳಿಸಿದರು. ಅದು ಉರಿಯ ವೇಷ ಹಾಕಿದ, ರೆಪ್ಪೆಯೊಳಗಿನ ಎಣ್ಣೆಗ್ರಂಥಿಯ ಕ್ಯಾನ್ಸರ್ ಎಂದು ಉತ್ತರ ಬಂತು. ಇನ್ನೂ ಚಿಕ್ಕದಿತ್ತು. ಮುಂಬಯಿಯ ದೊಡ್ಡಾಸ್ಪತ್ರೆಯಲ್ಲಿ ಅಷ್ಟು ಭಾಗ ಕತ್ತರಿಸಿ ತೆಗೆದು ರೆಪ್ಪೆಯನ್ನು ಮತ್ತೆ ಹೊಂದಿಸಿದರು. ಕಣ್ಣು ಉಳಿಯಿತು.

ಆ ಹೊಸ ಕಾಯಿಲೆಗೆ ಸಂಖ್ಯೆ ಹಾಕುವ ಕೆಲಸ ಉಮಾವತಿಯವರ ಮೇಜಿಗೇ ಬಂತು. ಸಂಖ್ಯೆ ಏರಿಸಿ ಎದ್ದುಹೋಗಿ ಡಾ. ಹರಿಶ್ಚಂದ್ರರನ್ನು ಕೇಳಿದರು: "ಇದಕ್ಕೆ ಖುಷಿಪಡಬೇಕಾ, ಬೇಜಾರು ಮಾಡಬೇಕಾ? ನಂಗೆ ತಲೆಬುಡ ತಿಳೀತಿಲ್ಲ." "ನನಗೂ ತಿಳೀತಿಲ್ಲ, ಚಹ ತರಿಸಿ" ಎಂದರಂತೆ ಅವರು. ಉಮಾವತಿಯವರನ್ನು ಹೊಗಳಲು ಹೊರಟ ಈ ಲೇಖನವೂ ಅದೇ ಇಕ್ಕಟ್ಟಿನಲ್ಲಿದೆ. ಅವರು ಕಲಿಸಿದ ಪಾಠದಿಂದಲೇ ತೊಡಕು ಬಂತು, ಅವರು ಎದ್ದುಹೋಗಿ ಕೇಳಿದ್ದರಿಂದಲೇ ಬಗೆಹರಿಯಿತು. ಯಾವುದನ್ನು ಮುಂದಿಟ್ಟು ಯಾವುದನ್ನು ಹಿಂದಿಡಬೇಕು? ಎರಡನ್ನೂ ಬರೆಯಲೇಬೇಕೆಂದು ಆಜ್ಞೆ ಮಾಡಿದವರು ಅವರೇ. ಈಗ ಎರಡೂ ಶಾಖೆಗಳಲ್ಲಿ ರೋಗಿ ನೋಯುವ ರೆಪ್ಪೆಯನ್ನು ತನ್ನ ಬೆರಳಿನಿಂದ ತೋರಿಸಿದ ಮೇಲೆಯೇ ವೈದ್ಯರು ಚಿತ್ರ ಬಿಡಿಸಿ, ಪಕ್ಕದಲ್ಲಿ ಬಲವೋ ಎಡವೋ ಅಕ್ಷರದಲ್ಲೇ ಬರೆಯುತ್ತಾರೆ.

ನಿವೃತ್ತಿಯ ವಾರದಲ್ಲಿ ದ್ರೌಪದಿ ತಪಾಸಣೆಗೆ ಬಂದಿದ್ದಳು. ಮೇಲ್ರೆಪ್ಪೆ ತುಸು ಜಗ್ಗಿದೆ, ರೆಪ್ಪೆಗೂದಲು ಅರ್ಧ ಇಲ್ಲ, ದೃಷ್ಟಿ ಮಾತ್ರ ಚೂಪು. ಕಾಯಿಲೆ ಮರುಕಳಿಸೀತೆಂದು ವರ್ಷಗಟ್ಟಲೆ ನೋಡುತ್ತಿರಬೇಕೆಂಬುದು ಆಕೆಗೆ ತಿಳಿದಿತ್ತು.

"ಅಮಾಸಿಗಿ ಹೊಲದಾಗ ಚರಗ ಚೆಲ್ಲೂದು ತಪ್ಪಿಸಿದ್ರಿ, ಈಗ ನೀವೇ ಮನೀಗಿ ಹೊಂಟೀರಂತ. ಮುಂದ ನನ್ನ ಕಣ್ಣ ಯಾರ ನೋಡ್ತಾರ್ರೀ?"

ಡಾಕ್ಟರು ನೋಡುತ್ತಾರೆಂದು ಹೇಳಿದರೆ ಸಾಕಿತ್ತು. ಉಮಾವತಿಯವರು ಆಕೆಯ ಗದ್ದ ಹಿಡಿದು ಮುಖವನ್ನು ಕಿಟಕಿಯ ಬೆಳಕಿಗೆ ತಿರುಗಿಸಿದರು, ಒಂದು ರೆಪ್ಪೆ ನೋಡಿದರು, ಇನ್ನೊಂದನ್ನೂ ನೋಡಿದರು.

"ಗೊತ್ತಿಲ್ಲ ಮಾರಾಯ್ತಿ. ಮುಂದಿನ ತಿಂಗಳು ಬಾ. ನಾನೂ ಬರ್ತೇನೆ, ನೋಡುವಾ."

ಪಗಾರವಿಲ್ಲ, ಹುದ್ದೆಯಿಲ್ಲ, ಯಾವ ಹೆಸರಿನಲ್ಲಿ ಬರುತ್ತಾರೋ ಆಸ್ಪತ್ರೆಗೂ ತಿಳಿದಿಲ್ಲ. ಆ ಮುಂದಿನ ತಿಂಗಳುಗಳು ಉಮಾವತಿಯವರಿಗೂ ದ್ರೌಪದಿಗೂ ಸಾಲುಸಾಲಾಗಿ, ನೂರು ವರ್ಷ ತುಂಬುವಷ್ಟು ಬರುತ್ತಿರಲಿ. ಕಿಟಕಿಯ ಬಳಿಯ ಅವರ ಕುರ್ಚಿಯನ್ನು ನಾವು ತೆಗೆಯದೆ ಇಟ್ಟಿರುತ್ತೇವೆ.