ನಾಯಿಯ ಪಾಲು

ಹೋದ ವರ್ಷ ತಂಗಿಗೆ ಹೊಟ್ಟೆನೋವೆಂದು ದೇವದುರ್ಗದ ಕಡೆಯ ಜಾಲಹಳ್ಳಿಯಿಂದ ರಾಯಚೂರಿಗೆ ಕರೆಸಿಕೊಂಡೆ. ಅವಳು ಕುರಿಗಳ ನಡುವೆ ಹುಟ್ಟಿ, ಸೋದರಮಾವನನ್ನೇ ಮದುವೆಯಾಗಿ, ಅದೇ ಕುರಿದಡ್ಡಿಯ ಪಕ್ಕ ಉಳಿದವಳು. ಚಿಕ್ಕಂದಿನಲ್ಲಿ ನಾಯಿಯ ಜೊತೆ ಒಂದೇ ಕಂಬಳಿಯಲ್ಲಿ ಮಲಗಿದವಳು. ಸ್ಕ್ಯಾನಿಂಗ್ ಸೆಂಟರಿನ ಬೆಂಚಿನ ಮೇಲೆ ಕೂತು ಅವಳಿಗೇನಾಗಿದೆಯೆಂದು ನಾನು ಮನಸ್ಸಿನಲ್ಲೇ ಡಯಾಗ್ನೋಸ್ ಮಾಡಿ ಮುಗಿಸಿದ್ದೆ. ಮಾನ್ವಿಯ ಹೈಸ್ಕೂಲಿನಲ್ಲಿ ಬಯಾಲಜಿ ಕಲಿಸಿದವಳಲ್ಲವೇ ನಾನು? ಅವಳ ಹೆದರಿಕೆ ಹೋಗಲೆಂದು, "ನಂದೂ ಒಂದು ನೋಡಿಬಿಡ್ರಿ" ಎಂದು ನಾನೂ ಮಲಗಿದೆ.

ಅವಳದು ಬರೀ ಗ್ಯಾಸ್. ನನ್ನ ಲಿವರಿನಲ್ಲಿ ನಿಂಬೆಹಣ್ಣಿಗಿಂತ ದೊಡ್ಡದೊಂದು ಗುಳ್ಳೆ.

"ಮೇಡಂ, ಇದು ನಾಯಿಯಿಂದ ಬರೋ ಹುಳದ ಗುಳ್ಳಿರಿ," ಎಂದರು ಡಾಕ್ಟರು. "ಭಾಳ ಹಳೀದು, ಸುಣ್ಣಗಟ್ಟೇದ. ಆಪರೇಷನ್ ಬ್ಯಾಡ, ವರ್ಷಕ್ಕೊಮ್ಮೆ ತೋರಿಸ್ರಿ. ಸಣ್ಣವರಿದ್ದಾಗ ನಾಯಿ ಸಂಗಾಟ ಆಡಿದ್ರೇನ್ರಿ?"

"ನೆವರ್," ಎಂದೆ.

ತಂಗಿ ಬಾಯಿಗೆ ಸೆರಗು ಒತ್ತಿಕೊಂಡು ನಗುತ್ತಿದ್ದಳು. "ಯಕ್ಕಾ, ತಾಸಿಗೊಮ್ಮೆ ಸಾಬಾಣ ಹಚ್ಚಿ ಕೈ ತೊಳಕೊಳ್ಳಾಕಿ ನೀನು. ನನ್ನ ಮನ್ಯಾಗ ನೀರು ಕುಡಿಯಾಕೂ ಹೇಸಾಕಿ. ಹುಳಕ್ಕ ನೀನ ರುಚಿ ಹತ್ತಿದಿಯಲ್ಲ!"

ನನಗೆ ನಗು ಬರಲಿಲ್ಲ. ಇಲ್ಲೂ ಅವಳೇ ಗೆದ್ದಳಲ್ಲ ಎಂದು ಹೊಟ್ಟೆ ಉರಿಯಿತು.

ಅಪ್ಪ ನನ್ನನ್ನು ಕಾನ್ವೆಂಟಿನ ಬೋರ್ಡಿಂಗಿಗೆ ಹಾಕಿದಾಗ ನನಗೆ ಎಂಟು ವರ್ಷ. ದೊಡ್ಡವಳು ಓದಲಿ, ಸಣ್ಣವಳು ಮನೆಯಲ್ಲಿರಲಿ ಎಂದು. ಊರೆಲ್ಲ ನನ್ನನ್ನು ಲಕ್ಕಿ ಎಂದಿತು. ಅಲ್ಲಿ ನಾನು ಇಸ್ತ್ರಿಯ ಯೂನಿಫಾರ್ಮಿನಲ್ಲಿ "ಗುಡ್ ಮಾರ್ನಿಂಗ್, ಸಿಸ್ಟರ್" ಅನ್ನುವ ಹೊತ್ತಿಗೆ, ಊರಲ್ಲಿ ಅವ್ವ ತಂಗಿಯ ತಲೆ ಬಾಚುತ್ತಿರುತ್ತಾಳೆ ಎಂದು ನೆನೆಯುತ್ತಿದ್ದೆ. ಬೇಸಿಗೆ ರಜೆಗೆ ಬಂದರೆ ನಮ್ಮ ನಾಯಿಯೇ ನನ್ನನ್ನು ಕಂಡು ಬೊಗಳುತ್ತಿತ್ತು. ಕೆಂಚು ನಾಯಿ, ಒಂದು ಕಿವಿ ಹರಿದಿತ್ತು. ತಂಗಿ ಹೋದಲ್ಲೆಲ್ಲ ಹಿಂದೆ ಹೋಗುತ್ತಿತ್ತು.

ಒಂದು ರಜೆಯ ಮೊದಲ ವಾರ ಮನೆಯಲ್ಲಿ ಕುರಿ ಕಡಿದರು. ಗುಳ್ಳೆ ಎದ್ದ ಲಿವರನ್ನು ನಮ್ಮಲ್ಲಿ ಯಾರೂ ತಿನ್ನುವುದಿಲ್ಲ. ಅದು ನಾಯಿಯ ಪಾಲು, ಹಾಕುವ ಕೆಲಸ ತಂಗಿಯದು. ಅವಳು ಬರುವ ಮೊದಲೇ ನಾನದನ್ನು ಕದ್ದು, ದಡ್ಡಿಯ ಹಿಂದೆ ಒಯ್ದು, ತುಂಡು ತುಂಡಾಗಿ ನನ್ನ ಕೈಯಿಂದಲೇ ತಿನ್ನಿಸಿದೆ. ಆಮೇಲೆ ದಿನಾ ನನ್ನ ರೊಟ್ಟಿಯಲ್ಲಿ ಅರ್ಧ. ರಜೆ ಮುಗಿಯುವ ಹೊತ್ತಿಗೆ ನಾಯಿ ನನ್ನದಾಗಿತ್ತು. ಕೆನ್ನೆ, ತುಟಿ ಎಲ್ಲ ನೆಕ್ಕುತ್ತಿತ್ತು. ಬೋರ್ಡಿಂಗಿಗೆ ಹೊರಟ ದಿನ, ಅದರ ವಾಸನೆ ಹೋದೀತೆಂದು ಮುಖವನ್ನೂ ತೊಳೆಯಲಿಲ್ಲ.

ಮುಂದೆ ಎಷ್ಟು ಬ್ಯಾಚಿನ ಮಕ್ಕಳಿಗೆ ಬಣ್ಣದ ಚಾಕ್‌ಪೀಸಿನಲ್ಲಿ ಆ ಚಕ್ರ ಬರೆದು ತೋರಿಸಿದೆನೋ! ಗುಳ್ಳೆಯೊಳಗಿನ ಮರಿ ನಾಯಿಯ ಕರುಳಿನಲ್ಲಿ ಹುಳವಾಗಿ ಬೆಳೆಯಲು ಆರೇಳು ವಾರ. ಹುಳದ ಮೊಟ್ಟೆ ನಾಯಿಯ ಮಲದಿಂದ ಹುಲ್ಲಿಗೆ, ಹುಲ್ಲಿನಿಂದ ಕುರಿಗೆ, ಕುರಿಯ ಲಿವರಿನಿಂದ ತಿರುಗಿ ನಾಯಿಗೆ. ನಾಯಿಯ ಮೈಗೆ, ಮೂತಿಗೆ ಅಂಟಿದ ಮೊಟ್ಟೆ ಮನುಷ್ಯನ ಹೊಟ್ಟೆಗೆ ಹೋದರೆ ಅಲ್ಲಿಗೆ ಡೆಡ್ ಎಂಡ್. ಮನುಷ್ಯ ಬರೀ ಆಕ್ಸಿಡೆಂಟಲ್ ಹೋಸ್ಟ್, ಹುಳ ದಾರಿ ತಪ್ಪಿ ಹೊಕ್ಕ ಮನೆ. ಚಕ್ರ ಕುರಿಯದು ಮತ್ತು ನಾಯಿಯದು. ನಮ್ಮ ರಜೆಯೂ ಅಷ್ಟೇ ವಾರಗಳದು, ನಾನು ತಿನ್ನಿಸಿದ ಗುಳ್ಳೆಯೇ ನನಗೆ ತಿರುಗಿ ಬಂದಿರಬಹುದು ಎಂದು ಒಮ್ಮೆಯೂ ಹೊಳೆದಿರಲಿಲ್ಲ.

ಇದನ್ನು ತಂಗಿಗೆ ಹೇಳಲು ನಾಚಿಕೆಯಾಯಿತು. ತಿಂಗಳ ನಂತರ ಅವಳ ಫೋನ್: "ನಿನ್ನ ಜೀವಕ್ಕೇನೂ ಇಲ್ಲಂತ ಖುಷೀಲೆ ಕುರಿ ಕಡ್ಯಾಕತ್ತೀವಿ, ಬರಬೇಕು." ಫೋನಿನಲ್ಲಿ ಅವಳ ಮೊಮ್ಮಗಳ ಕೇಕೆ ಕೇಳಿಸುತ್ತಿತ್ತು. ಇನ್ನೂ ಅಂಬೆಗಾಲಿನ ಕೂಸು, ನಾಯಿಯ ಮೇಲೆಯೇ ಬಿದ್ದಿರುತ್ತದೆ. ನಾಯಿಗೆ ಕೊಡುವ ಹುಳದ ಗುಳಿಗೆಯನ್ನು ದನದ ಡಾಕ್ಟರಿಂದ ಕೇಳಿ ತಂದು, ದೇವದುರ್ಗದ ಬಸ್ಸು ಹತ್ತಿದೆ.

ಅಂಗಳದಲ್ಲಿ ತಂಗಿ ಗುಳ್ಳೆ ಎದ್ದ ಲಿವರನ್ನು ಬೊಗಸೆಯಲ್ಲಿ ಹಿಡಿದು ನಾಯಿಯ ಕಡೆಗೆ ಹೊರಟಿದ್ದಳು.

"ಹಾಕಬ್ಯಾಡ!"

"ಅಯ್ಯ ಶಿವನ, ಹುಟ್ಟಿದಾಗಿಂದ ಹಾಕೀನಿ. ನಾಯೀನೂ ಕಾನ್ವೆಂಟಿಗೆ ಕಳಸ್ತೀಯೇನು?"

ಆಗ ಎಲ್ಲ ಹೇಳಿದೆ. ಗುಳ್ಳೆ, ಮೊಟ್ಟೆ, ಕೂಸು. ಕೊನೆಗೆ, ಅವಳ ನಾಯಿಯನ್ನು ಕದಿಯಲು ನಾನು ಮಾಡಿದ್ದನ್ನೂ.

"ಯಾವ ನಾಯಿ?" ಎಂದಳು.

"ಕಿವಿ ಹರಿದದ್ದು. ಕೆಂಚು."

"ಓ, ಅದಾ? ಯಾರು ರೊಟ್ಟಿ ಹಾಕಿದ್ರೂ ಅವರ ಹಿಂದ ಹೋಗತಿತ್ತು ಬಿಡು. ಕೇಳಿದ್ರ ನಾನ ಕೊಡತಿದ್ನಲ್ಲ ಯಕ್ಕಾ."

ಕೇಳಿದ್ದರೆ ಕೊಡುತ್ತಿದ್ದಳಂತೆ! ಇಷ್ಟು ವರ್ಷ ನಾನು ಗೆದ್ದೆನೆಂದುಕೊಂಡದ್ದು ಅವಳ ಲೆಕ್ಕಕ್ಕೇ ಬಂದಿರಲಿಲ್ಲ.

ಅವಳು ಮೊಮ್ಮಗಳ ಕಡೆ ಒಮ್ಮೆ ನೋಡಿದಳು. ಸಲಿಕೆ ತಂದು ಮೊಣಕಾಲುದ್ದ ಗುಂಡಿ ತೋಡಿ, ಲಿವರನ್ನು ಹೂತು, ಮೇಲೊಂದು ಬಂಡೆಗಲ್ಲು ಹೇರಿದಳು. ನನ್ನಿಂದ ಸಾಬೂನು ಕೇಳಿ ಪಡೆದು, "ಬೆರಳ ಸಂದ್ಯಾಗೂ ಹಚ್ಚಬೇಕೇನ್ರಿ, ಟೀಚರಮ್ಮ?" ಎಂದು ಕೈ ತೊಳೆದಳು.

ನಾನು ಗುಳಿಗೆಯನ್ನು ರೊಟ್ಟಿಯಲ್ಲಿ ಸುತ್ತಿ ನಾಯಿಗೆ ಒಡ್ಡಿದೆ. ಮೂಸಿತು, ಮುಖ ತಿರುಗಿಸಿತು. ಇನ್ನೊಮ್ಮೆ ಒಡ್ಡಿದೆ. ಗುರ್ರೆಂದಿತು.

"ತಾ ಇಲ್ಲಿ," ಎಂದು ತಂಗಿ ಅದೇ ತುಂಡನ್ನು ನನ್ನ ಕೈಯಿಂದ ತೆಗೆದುಕೊಂಡಳು. ಅವಳು ಒಡ್ಡಿದ್ದೇ ತಡ, ನಾಯಿ ಒಂದೇ ತುತ್ತಿಗೆ ನುಂಗಿ, ಅವಳ ಪಾದದ ಮೇಲೆ ಗದ್ದವಿಟ್ಟು ಮಲಗಿತು.