ಹೊರಗೋಡೆ ಮುಗಿಸಿ ಹೊರಟವರು

ಮನೆ ಕಟ್ಟುವ ವೃತ್ತಿಯಲ್ಲಿ ಹೆಸರು ಯಾರಿಗೆ ಸಲ್ಲುತ್ತದೆ ಎಂಬುದು ಎಲ್ಲರೂ ಬಲ್ಲ ಸಂಗತಿ. ನಕ್ಷೆ ಬರೆದವರ ಹೆಸರು ಪತ್ರಿಕೆಯಲ್ಲಿ ಬರುತ್ತದೆ; ಒಳಗಿನ ಬಣ್ಣ, ದೀಪ, ಕಪಾಟುಗಳನ್ನು ಮಾಡಿಕೊಟ್ಟವರನ್ನು ಬಂದ ನೆಂಟರೆಲ್ಲ ಹೊಗಳುತ್ತಾರೆ. ಈ ಇಬ್ಬರ ನಡುವೆ, ಅಡಿಪಾಯ ಒಣಗಿದ ದಿನದಿಂದ ಹೊರಗೋಡೆಯ ಕೊನೆಯ ಹಲಗೆಗೆ ಬಣ್ಣ ಬೀಳುವ ದಿನದವರೆಗೆ, ಬಿಸಿಲಿನಲ್ಲಿ ಬೆಂದು, ಗಾಳಿಗೆ ಬೈದು, ಮನೆಯನ್ನು ನಿಲ್ಲಿಸಿಕೊಟ್ಟವರನ್ನು ಮಾತ್ರ ಆ ಮನೆಯ ಯಜಮಾನರೂ ಆರು ತಿಂಗಳಲ್ಲಿ ಮರೆಯುತ್ತಾರೆ. ಇಂಥ ಮರೆವಿಗೆ ಸಲ್ಲುವ ಕೆಲಸವನ್ನು ಮೂವತ್ತಾರು ವರ್ಷ ಶ್ರದ್ಧೆಯಿಂದ ನಡೆಸಿ ಈಗ ನಿವೃತ್ತರಾಗುತ್ತಿರುವ ನಮ್ಮ ದೊಡ್ಡ ಮೇಸ್ತ್ರಿಗಳನ್ನು ಕುರಿತು ನಾಲ್ಕು ಮಾತು ಬರೆಯುವ ಭಾಗ್ಯ ಅವರ ಕೈಕೆಳಗೆ ದುಡಿದ ನಮ್ಮ ಪಾಲಿಗೆ ಬಂದಿದೆ.

ಕಾಗದದ ಮೇಲೆ ಅವರ ಹುದ್ದೆ ‘ಚೌಕಟ್ಟು ಮತ್ತು ಹೊರಮೈ ಕಾಮಗಾರಿಯ ವ್ಯವಸ್ಥಾಪಕರು’. ಇದನ್ನು ಒಂದೇ ಉಸಿರಿನಲ್ಲಿ ಹೇಳಿ ಮುಗಿಸಿದವರನ್ನು ನಾವು ಇದುವರೆಗೆ ಕಂಡಿಲ್ಲ. ನಮ್ಮ ಸಂಸ್ಥೆ ಒಂದೊಂದು ಕುಟುಂಬಕ್ಕೆ ಅದರದೇ ಇಷ್ಟದಂತೆ ಮರದ ಮನೆ ಕಟ್ಟಿಕೊಡುವುದರಿಂದ ಒಂದು ಮನೆಯಂತೆ ಇನ್ನೊಂದಿರುವುದಿಲ್ಲ. ಕಂಬ, ತೊಲೆ, ಸೂರು, ಕಿಟಕಿ, ಹೊರಹಲಗೆ, ಎಲ್ಲದರ ಲೆಕ್ಕವನ್ನೂ ಪ್ರತಿ ಸಲ ಮೊದಲಿನಿಂದ ಹಾಕಬೇಕು. ಯಾವ ದಿನ ತೊಲೆಗಳ ಲಾರಿ ಬರಬೇಕು, ಸೂರು ಏರಿಸುವವರು ಬರುವ ಮೊದಲು ಯಾರ ಕೆಲಸ ಮುಗಿದಿರಬೇಕು, ಮೋಡ ಕವಿದರೆ ಯಾವ ಗೋಡೆಗೆ ಮೊದಲು ತಾಡಪಾಲು ಹೊದಿಸಬೇಕು ಎಂಬುದೆಲ್ಲ ಅವರ ತಲೆಯಲ್ಲೇ ಇರುತ್ತಿತ್ತು. ಬರೆದಿಡಿ ಎಂದು ಕಚೇರಿಯವರು ಗೋಗರೆದರೆ, ಬರೆದಿಟ್ಟ ಚೀಟಿ ಮಳೆಯಲ್ಲಿ ನೆನೆಯುತ್ತದೆ, ತಲೆ ನೆನೆದರೆ ಒರೆಸಿಕೊಳ್ಳಬಹುದು ಎಂದು ಹೇಳಿ ಬಾಯಿ ಮುಚ್ಚಿಸುತ್ತಿದ್ದರು.

ಅವರ ಬೈಗುಳ ಊರಿಗೇ ಹೆಸರುವಾಸಿ. ಆದರೆ ಆ ಬೈಗುಳದ ಹಿಂದೆ ಇದ್ದ ಮನಸ್ಸನ್ನು ಬಲ್ಲವರು ಬಲ್ಲರು. ಸೂರಿನ ಕೆಲಸದಲ್ಲಿ ಎತ್ತಿದ ಕೈ ಎನಿಸಿದ್ದ ನಮ್ಮ ಬಡಗಿಯೊಬ್ಬರು ಒಮ್ಮೆ ಏಣಿಯಿಂದ ಬಿದ್ದರು. ಮೂಳೆ ಕೂಡಿಕೊಂಡಿತು, ಧೈರ್ಯ ಕೂಡಿಕೊಳ್ಳಲಿಲ್ಲ. ಮೂರನೆಯ ಮೆಟ್ಟಿಲಿಗೆ ಕಾಲಿಟ್ಟರೆ ಮೈಯೆಲ್ಲ ಬೆವರು. ಅವರು ತಲೆತಗ್ಗಿಸಿಕೊಂಡು ಲೆಕ್ಕ ತೀರಿಸಿಕೊಳ್ಳಲು ಬಂದ ದಿನ ದೊಡ್ಡ ಮೇಸ್ತ್ರಿಗಳು ಎಲ್ಲರಿಗೂ ಕೇಳುವಂತೆ ಗದರಿದರು: “ಎಲ್ಲಿಗ್ರೀ ಹೊರಟ್ರಿ? ಕೆಳಗೆ ಕೊಯ್ಯೋ ಅಳತೆ ತಪ್ಪಿದ್ರೆ ಮೇಲಿದ್ದವ್ರು ಏನು ಹಲ್ಲಲ್ಲಿ ಕಚ್ಚಿ ಜೋಡಿಸ್ತಾರಾ? ಒಳ್ಳೆ ಕೈ ಕೆಳಗೇ ಇರ್ಬೇಕು. ನಾಳೆಯಿಂದ ಗರಗಸ ನಿಮ್ದು.” ಆ ಬಡಗಿ ಮುಂದಿನ ಹನ್ನೊಂದು ವರ್ಷ ನೆಲದ ಮೇಲೆಯೇ ನಿಂತು ತೊಲೆ ಕೊಯ್ದರು. ಅವರು ಹೆದರಿ ಕೆಳಗಿದ್ದಾರೆಂದು ಹೊಸಬರಾರಿಗೂ ಕೊನೆಯವರೆಗೆ ಗೊತ್ತಾಗಲಿಲ್ಲ.

ದೊಡ್ಡ ಮೇಸ್ತ್ರಿಗಳದೇ ಆದ ಒಂದು ಪದ್ಧತಿಯನ್ನು ಇಲ್ಲಿ ಹೇಳಲೇಬೇಕು. ಕಂಬಗಳೆಲ್ಲ ನಿಂತು, ಗೋಡೆಗಳಿಗೆ ಹಲಗೆ ಬೀಳುವ ಮೊದಲು, ಮನೆಯೆಂಬುದು ಬರಿಯ ಗೆರೆಗಳಂತಿರುವಾಗ, ಅವರು ಆ ಕುಟುಂಬದವರನ್ನೆಲ್ಲ ಅರ್ಧ ದಿನದ ಮಟ್ಟಿಗೆ ಕರೆಸುತ್ತಿದ್ದರು. ಮಡಿಸುವ ಕುರ್ಚಿಯೊಂದನ್ನು ತಾವೇ ಹೊತ್ತು ತಿರುಗುತ್ತ, ಯಾರು ಎಲ್ಲಿ ಕೂರುವವರೋ ಅವರನ್ನು ಅಲ್ಲಿ ಕೂರಿಸಿ, ಅವರ ಕಣ್ಣಿನ ಮಟ್ಟಕ್ಕೆ ಪಕ್ಕದ ಕಂಬದ ಮೇಲೆ ಪೆನ್ಸಿಲಿನಿಂದ ಗೆರೆ ಎಳೆಯುತ್ತಿದ್ದರು. ಕಿಟಕಿಯ ಕೆಳಅಂಚು ಆ ಗೆರೆಗಿಂತ ಒಂದು ಗೇಣಾದರೂ ಕೆಳಗಿರಬೇಕು. ನಕ್ಷೆ ಬರೆದವರು ಮೂಗು ಮುರಿದರೆ, “ನೀವು ನಿಂತು ಬರ್ದಿದೀರಿ ಸ್ವಾಮಿ, ಅವ್ರು ಕೂತು ಬಾಳ್ಬೇಕು” ಎನ್ನುತ್ತಿದ್ದರು. ನಮ್ಮ ನಡುವೆ ಅದಕ್ಕೆ ‘ಕೂತು ನೋಡುವ ದಿನ’ ಎಂದೇ ಹೆಸರಾಯಿತು.

ಇಷ್ಟು ಮಾಡಿದವರಿಗೆ, ಆ ಕಿಟಕಿಯಿಂದ ಮನೆಯವರು ನೋಡುವುದನ್ನು ನೋಡುವ ಯೋಗ ಇರಲಿಲ್ಲ. ಹೊರಮೈ ಮುಗಿದ ದಿನ ನಮ್ಮ ತಂಡ ಏಣಿ, ಗರಗಸ ಹೇರಿಕೊಂಡು ಮುಂದಿನ ಮನೆಗೆ ಹೊರಡುತ್ತದೆ. ಒಳಗೆ ಬೆಳಕು ಬರುವುದು, ಮಂಚ ಬರುವುದು, ಜನ ಬರುವುದು ಎಲ್ಲ ಆಮೇಲೆ. ನಮ್ಮನ್ನು ಮತ್ತೆ ಕರೆಯುವುದು ಗೋಡೆ ಸೋರಿದಾಗ ಮಾತ್ರ. ದೊಡ್ಡ ಮೇಸ್ತ್ರಿಗಳು ನಿಲ್ಲಿಸಿದ ಮನೆಗಳಲ್ಲಿ ಒಂದೂ ಸೋರಲಿಲ್ಲ. ನಮಗೆಲ್ಲ ಅದು ಹೆಮ್ಮೆ. ಅವರಿಗೂ ಹೆಮ್ಮೆಯೇ, ಆದರೆ ಸಂಜೆ ಕೈಕಾಲು ತೊಳೆದುಕೊಂಡು ಕೂತಾಗ, “ಹೋದ ವರ್ಷದ ಮೂಲೆಮನೆಯವ್ರು ಊಟದ ಮೇಜು ಎಲ್ಲಿ ಹಾಕ್ಕೊಂಡ್ರೋ” ಎಂದು ಯಾರನ್ನೂ ಕೇಳದೆ ಕೇಳುತ್ತಿದ್ದರು. ಆಗ ಅವರ ದನಿಯಲ್ಲಿದ್ದುದು ಹೆಮ್ಮೆಯಲ್ಲ, ಹಂಬಲ.

ಆ ಹಂಬಲಗಳಲ್ಲೆಲ್ಲ ಒಂದು ಮಾತ್ರ ಮುಳ್ಳಿನಂತೆ ಉಳಿದುಕೊಂಡಿತು. ಹತ್ತೊಂಬತ್ತು ವರ್ಷದ ಹಿಂದಿನ ಮಾತು. ಆಗ ಕಟ್ಟುತ್ತಿದ್ದ ಮನೆಯ ಯಜಮಾನರು ಗ್ರಂಥಾಲಯವೊಂದರಲ್ಲಿ ಕೆಲಸಕ್ಕಿದ್ದವರು, ಬಾಗಿಲಿಗೆ ತಲೆ ತಗುಲುವಷ್ಟು ಉದ್ದದ ಆಳು. ಅವರ ಮನೆಯಾಕೆ ಬಟ್ಟೆ ಹೊಲಿಯುವವರು. ಗಂಡನ ಭುಜಕ್ಕೂ ಬರದ ಗಿಡ್ಡ ಹೆಂಗಸು. ಬೀದಿಯ ಕಡೆಗೆ ಹೊಲಿಗೆಯ ಕೋಣೆ, ಅದಕ್ಕೊಂದು ಕಿಟಕಿ. ಇಡೀ ಮನೆಯಲ್ಲಿ ಆಕೆ ಬಾಯಿಬಿಟ್ಟು ಕೇಳಿದ್ದು ಅದೊಂದನ್ನೇ. ಕೂತು ನೋಡುವ ದಿನ ಆಕೆ ತಂಗಿಯ ಬಾಣಂತನಕ್ಕೆಂದು ಬೇರೆ ಊರಿನಲ್ಲಿದ್ದರು. ಮೋಡ ಕಟ್ಟುತ್ತಿತ್ತು, ಹಲಗೆಯ ಲಾರಿ ಬೀದಿಯ ತುದಿಯಲ್ಲಿ ನಿಂತಿತ್ತು. “ಅವಳ ಜಾಗದಲ್ಲಿ ನಾನೇ ಕೂರ್ತೀನಿ ಬಿಡಿ, ಎಷ್ಟು ವ್ಯತ್ಯಾಸ ಆಗತ್ತೆ” ಎಂದು ಯಜಮಾನರು ಕುರ್ಚಿಯಲ್ಲಿ ಕೂತರು. ಒಬ್ಬರ ಜಾಗದಲ್ಲಿ ಇನ್ನೊಬ್ಬರನ್ನು ಎಂದೂ ಕೂರಿಸದ ದೊಡ್ಡ ಮೇಸ್ತ್ರಿಗಳು ಅಂದು ಅವಸರಕ್ಕೆ ಬಿದ್ದು ಯಜಮಾನರ ಕಣ್ಣಿಗೇ ಗೆರೆ ಎಳೆದರು.

ಹೊರಮೈಗೆ ಬಣ್ಣ ಬಿದ್ದ ದಿನ ಆಕೆ ಬಂದರು. ಅದೇ ಕುರ್ಚಿ ಹಾಕಿಸಿಕೊಂಡು ಕಿಟಕಿಯ ಮುಂದೆ ಕೂತರು. ಬೀದಿ ಕಾಣಲಿಲ್ಲ. ಕತ್ತು ಉದ್ದ ಮಾಡಿದರೂ ಕಾಣಲಿಲ್ಲ. ಆಕೆ ತಿರುಗಿ, ನಕ್ಕು, “ಪರವಾಗಿಲ್ಲ ಬಿಡಿ, ಆಕಾಶ ಕಾಣತ್ತಲ್ಲ” ಎಂದರು.

ಆಕೆ ಬೈದಿದ್ದರೆ ದೊಡ್ಡ ಮೇಸ್ತ್ರಿಗಳು ಅಂದೇ ಗೋಡೆ ಬಿಚ್ಚುತ್ತಿದ್ದರೋ ಏನೋ. ಆಕೆ ಬೈಯಲಿಲ್ಲ. ಕಿಟಕಿ ಇಳಿಸಬೇಕೆಂದರೆ ಹೊರಹಲಗೆ ಕಿತ್ತು, ಒಳಗಿನ ನೀರುತಡೆಯ ಹಾಳೆ ಕತ್ತರಿಸಿ, ಕಿಟಕಿಯಡಿಯ ತಗಡನ್ನು ಹೊಸದಾಗಿ ಮಡಿಸಿ ಕೂರಿಸಬೇಕು. ಒಮ್ಮೆ ಬಿಚ್ಚಿದ ಗೋಡೆಗೆ ಮೊದಲಿನ ಬಿಗಿ ಬಾರದು, ನಾಲ್ಕು ಮಳೆಗಾಲದಲ್ಲಿ ಸೋರಿದರೂ ಸೋರಿತು. ಸಂಸ್ಥೆಯ ಒಡೆಯರು “ನಿಮ್ಮಿಷ್ಟ” ಎಂದಿದ್ದರು. ದೊಡ್ಡ ಮೇಸ್ತ್ರಿಗಳು ಎರಡು ದಿನ ಆ ಗೋಡೆಯ ಮುಂದೆ ನಿಂತರು, ಮೂರನೆಯ ದಿನ ಕಿಟಕಿ ಮುಟ್ಟದೆ ಏಣಿ ಹೇರಿಸಿ ಹೊರಟರು. “ನನ್ನ ಗೋಡೆ ಸೋರ್ಬಾರ್ದು ಅನ್ನೋ ಜಂಬಕ್ಕೆ ಆಯಮ್ಮನ ಬೀದಿ ಕಿತ್ಕೊಂಡೆ” ಎಂದು ಅವರು ಮೊನ್ನೆ ನಮ್ಮೆದುರು ಹೇಳಿದಾಗ, ಅಭಿನಂದನ ಗ್ರಂಥಕ್ಕೆ ಇದನ್ನು ಬರೆಯುವುದು ಹೇಗೆಂದು ನಾವು ತಲೆ ಕೆರೆದುಕೊಂಡೆವು. ಬರೆಯದಿದ್ದರೆ ಬೇರೇನನ್ನೂ ಬರೆಯಬೇಡಿ ಎಂದು ಅವರೇ ಅಪ್ಪಣೆ ಕೊಡಿಸಿದರು.

ಅಂದಿನಿಂದ ಅವರ ಸ್ಕೂಟರು ಮನೆಗೆ ಹೋಗುವ ದಾರಿ ಬದಲಾಯಿತು. ವಾರಕ್ಕೆರಡು ಸಲವಾದರೂ ಆ ಬೀದಿಗೆ ಸುತ್ತುಹಾಕಿ, ಆ ಮನೆಯ ಮುಂದೆ ವೇಗ ತಗ್ಗಿಸಿ, ಕಿಟಕಿಯತ್ತ ಒಮ್ಮೆ ನೋಡಿ ಮುಂದೆ ಹೋಗುತ್ತಿದ್ದರು. ಬಿಸಿಲಿಗೆ ಗಾಜು ಹೊಳೆಯುತ್ತಿತ್ತೇ ಹೊರತು ಒಳಗಿನದೇನೂ ಕಾಣುತ್ತಿರಲಿಲ್ಲ. ಪ್ರತಿ ಮಳೆಗಾಲದಲ್ಲೂ ಆ ಮನೆಯಿಂದ ಕರೆ ಬರಲೆಂದು, ಗೋಡೆ ಒಂದಿಷ್ಟು ಸೋರಲೆಂದು, ತಮ್ಮ ಕೆಲಸವೇ ಕೆಡಲೆಂದು ಆಸೆಪಟ್ಟ ಮೇಸ್ತ್ರಿ ಲೋಕದಲ್ಲಿ ಇವರೊಬ್ಬರೇ ಇರಬೇಕು. ಗೋಡೆ ಹಟಮಾರಿ. ಸೋರಲಿಲ್ಲ. ಬಾಗಿಲು ತಟ್ಟಲು ಅವರಿಗೆ ಮುಖವಿರಲಿಲ್ಲ.

ಹೋದ ತಿಂಗಳು, ಕೊನೆಯ ಮನೆಯ ಕೊನೆಯ ಹಲಗೆ ಬಿದ್ದ ಮರುದಿನ, ಅವರು ಸ್ಕೂಟರನ್ನು ಆ ಗೇಟಿನ ಮುಂದೆ ನಿಲ್ಲಿಸಿದರು. ತಗಡು, ಹಾಳೆ, ಉಳಿ, ಸುತ್ತಿಗೆ ಎಲ್ಲ ಚೀಲದಲ್ಲಿತ್ತು. ಸೋರಿದರೆ ಸೋರಲಿ, ಈ ಕಿಟಕಿ ಇಳಿಸಿಯೇ ನಿವೃತ್ತನಾಗುತ್ತೇನೆ ಎಂದು ತೀರ್ಮಾನಿಸಿ ಬಂದಿದ್ದರು. ಬಾಗಿಲು ತೆರೆದ, ಈಗ ತಲೆ ನರೆತಿದ್ದ ಮನೆಯಾಕೆಗೆ ತಾವು ಯಾರೆಂದು ಹೇಳಲು ಬಾಯಿ ತೆರೆಯುವಷ್ಟರಲ್ಲಿ ಆಕೆಯೇ ಅಂದರು: “ಕಡೆಗೂ ಗಾಡಿ ನಿಲ್ಲಿಸಿದ್ರಲ್ಲ. ಬನ್ನಿ.”

ತಾವು ನಿಲ್ಲಿಸಿದ ಮನೆಯೊಂದರ ಒಳಗೆ, ಜನ ಬಾಳುತ್ತಿರುವಾಗ, ಅವರು ಕಾಲಿಟ್ಟದ್ದು ಅದೇ ಮೊದಲು. ಹೊಲಿಗೆಯ ಕೋಣೆಯಲ್ಲಿ ಕಿಟಕಿಯಡಿ ಒಂದು ಮರದ ಜಗಲಿ ಇತ್ತು: ಮೊಳಕಾಲೆತ್ತರ, ಒಂದು ಕಾಲು ದಪ್ಪ, ಒಂದು ಸಣ್ಣ, ಅಂಚಿನಲ್ಲಿ ಮೊಳೆಗಳು ಡೊಂಕಾಗಿ ಬಾಗಿದ್ದವು. ಅದರ ಮೇಲೆ ಹೊಲಿಗೆ ಯಂತ್ರ, ಕುರ್ಚಿ.

“ನಮ್ಮವ್ರು ಮಾಡಿದ್ದು. ಮನೆಗೆ ಬಂದ ತಿಂಗಳೇ. ಪುಸ್ತಕ ಜೋಡಿಸೋರ ಕೈಗೆ ಸುತ್ತಿಗೆ, ನೀವೇ ನೋಡ್ತಿದೀರಲ್ಲ. ಅಂದಿನಿಂದ ಬೀದಿ ಪೂರ್ತಿ ಕಾಣತ್ತೆ. ನೀವು ಹೋಗೋದು ಬರೋದೂ ಕಾಣತ್ತೆ.”

“ನಾನಾ?”

“ಇನ್ಯಾರು? ‘ಬಂದ್ರು ನೋಡೇ ನಿನ್ನ ಮೇಸ್ತ್ರಿ’ ಅಂತ ಅವ್ರೇ ಕೂಗಿ ಹೇಳೋರು. ಈ ಜಗಲೀನ ನಿಮಗೆ ಒಂದ್ಸಲ ತೋರಿಸ್ಬೇಕು, ಚೆನ್ನಾಗಿ ಬೈಸ್ಕೋಬೇಕು ಅಂತ ಅವ್ರಿಗೆ ಎಷ್ಟು ಆಸೆ! ಒಂದ್ಸಲ ಗೇಟಿಗೆ ಹೋಗಿ ಕೈ ಬೀಸಿ ಕರೆದ್ರು. ನೀವು ಗಾಡಿ ಓಡಿಸ್ಕೊಂಡು ಹೊರಟೇಹೋದ್ರಿ.”

ಅವರಿಗೆ ಅದು ನೆನಪಿತ್ತು. ಬೈಯಲು ಕರೆಯುತ್ತಿದ್ದಾರೆಂದು ಹೆದರಿ ಓಡಿದ್ದರು.

“ಎಲ್ಲಿ ಯಜಮಾನರು?” ಎಂದು ಅವರು ಕೇಳಿದರು.

“ಹೋಗಿ ಎರಡು ವರ್ಷ ಆಯ್ತು.”

ದೊಡ್ಡ ಮೇಸ್ತ್ರಿಗಳು ಚೀಲ ಕೆಳಗಿಟ್ಟು, ಕಿಟಕಿ ಇಳಿಸಿಕೊಡಲು ಬಂದಿದ್ದೇನೆ ಎಂದು ಮೆಲ್ಲಗೆ ಹೇಳಿದರು. ಆಕೆ ಚೀಲವನ್ನು ನೋಡಿದರು, ಜಗಲಿಯನ್ನು ನೋಡಿದರು. “ಕಿಟಕಿ ಇಳಿಸಿದ್ರೆ ಇದನ್ನ ತೆಗೀಬೇಕಾಗತ್ತಲ್ಲ, ಬೇಡ ಕಣಪ್ಪ. ಹತ್ತಿ ಕೂತ್ಕೊಳ್ಳಿ. ಅವ್ರ ಆಸೆ ಬಾಕಿ ಇದೆ, ಎಷ್ಟು ಬೈಬೇಕೋ ಬೈರಿ.” ಅವರು ಹತ್ತಿ ಕೂತರು. ಜಗಲಿ ಅಲುಗಾಡಿತು. ಬೀದಿ ಈ ತುದಿಯಿಂದ ಆ ತುದಿಯವರೆಗೆ ಕಂಡಿತು. ಮೂವತ್ತಾರು ವರ್ಷ ಎಲ್ಲರನ್ನೂ ಬೈದು ಬಾಳಿದ ಬಾಯಿಗೆ ಅಂದು ಒಂದು ಬೈಗುಳವೂ ಬರಲಿಲ್ಲ. ಅತ್ತುಬಿಟ್ಟೆ ಎಂದು ಅವರೇ ನಮಗೆ ಹೇಳಿದರು.

ಇಂಥವರಿಗೆ ಆಯುರಾರೋಗ್ಯ ಹಾರೈಸದೆ ಈ ಬರಹ ಮುಗಿಯಬಾರದು. ಹಾರೈಸುತ್ತೇವೆ, ತುಂಬು ಮನಸ್ಸಿನಿಂದ. ಇನ್ನು ವಿಶ್ರಾಂತಿ ಪಡೆಯಿರಿ ಎಂದು ಮಾತ್ರ ಹೇಳಲಾರೆವು. ಅವರು ನಿಲ್ಲಿಸಿದ ಮನೆಗಳ ಪಟ್ಟಿಯನ್ನು ವಿಳಾಸಸಮೇತ ಬರೆದು ಈ ಗ್ರಂಥದೊಡನೆ ಅವರ ಕೈಗಿಡುತ್ತಿದ್ದೇವೆ. ದೊಡ್ಡ ಮೇಸ್ತ್ರಿಗಳೇ, ನೂರು ವರ್ಷ ಬಾಳಿ, ಒಂದೊಂದೇ ಬಾಗಿಲು ತಟ್ಟಿ, ಒಳಗೆ ಹೋಗಿ ಕೂತು ಬನ್ನಿ. ಯಜಮಾನರು ಇರುವಾಗಲೇ ಹೋಗಿ.