ಅರ್ಧ ಮನೆಯ ಪೂರ್ತಿ ನಿದ್ದೆ

ಚಿಕ್ಕಮ್ಮನ ಹೊಸ ಮನೆ ನೋಡಲು ಹೊರಟ ಅವಳ ಅಕ್ಕನ ಮಗ ಬೀದಿಯ ತುದಿಯಲ್ಲೇ ಬೆಚ್ಚಿಬಿದ್ದ. ಸಾಲಿನ ಮನೆಗಳೆಲ್ಲ ಅರ್ಧರ್ಧ. ಒಂದು ಪಕ್ಕ ಗೋಡೆ, ಕಿಟಕಿ, ಬಾಗಿಲು. ಇನ್ನೊಂದು ಪಕ್ಕ ಬರೀ ಕಂಬ, ಮೇಲೊಂದು ಸೂರು. ಕಂಟ್ರಾಕ್ಟರ್ ಕೈಕೊಟ್ಟು ಓಡಿಹೋಗಿದ್ದಾನೆಂದು ತೀರ್ಮಾನಿಸಿದ ಆ ಬುದ್ಧಿವಂತ, ಸಿಹಿಯ ಪೊಟ್ಟಣವನ್ನು ಚೀಲಕ್ಕೆ ತುರುಕಿ, ಸಾವಿನ ಮನೆಗೆ ಒಪ್ಪುವ ಮುಖ ಮಾಡಿಕೊಂಡು ಒಳಹೊಕ್ಕ.

“ಧೈರ್ಯ ತಂದ್ಕೋ ಚಿಕ್ಕಮ್ಮ. ಪೊಲೀಸ್ ಸ್ಟೇಷನ್‌ಗೆ ನಾನೂ ಬರ್ತೀನಿ.”

“ಯಾಕೋ, ಏನು ಮಾಡ್ಕೊಂಡು ಬಂದಿದ್ದೀಯ?”

ಬಿದ್ದು ಬಿದ್ದು ನಕ್ಕ ಮೇಲೆ ಅವಳೇ ಬಿಡಿಸಿ ಹೇಳಿದಳು. ಹೀಗೆ ಕಟ್ಟುವುದೇ ಲೆಕ್ಕಾಚಾರವಂತೆ. ತಳಪಾಯ, ಅಡುಗೆಮನೆ, ಬಚ್ಚಲು, ಸೂರು ಇವನ್ನೆಲ್ಲ ಬಡವರಿಗೆ ಮನೆ ಕಟ್ಟಿಸುವ ಸಂಘದವರು ಕಟ್ಟಿಕೊಡುತ್ತಾರೆ. ಉಳಿದರ್ಧಕ್ಕೆ ಮನೆಯವರು ಕೈಲಾದಾಗ ಗೋಡೆ ಎಬ್ಬಿಸಿಕೊಳ್ಳಬೇಕು. ಎಷ್ಟೋ ದೇಶಗಳಲ್ಲಿ ಬಡವರ ಮನೆಗಳು ಹೀಗೇ ಏಳುತ್ತವಂತೆ. ಹಾಸಿಗೆ ಇದ್ದಷ್ಟು ಕಾಲು ಚಾಚು ಎಂಬ ಗಾದೆಗೇ ಇಟ್ಟಿಗೆ ಜೋಡಿಸಿದ ಹಾಗೆ.

ಚಿಕ್ಕಮ್ಮನದು ಬೇಕರಿಯಲ್ಲಿ ರಾತ್ರಿ ಪಾಳಿ. ಈ ಮನೆಗೆ ಬರುವ ಮೊದಲು ರಾತ್ರಿಯಿಡೀ ಬ್ರೆಡ್ಡು ಬೇಯಿಸಿ, ಹಗಲು ತಗಡು ಹೊದಿಸಿದ ಬಾಡಿಗೆ ಕೋಣೆಯಲ್ಲಿ ತಾನೇ ಬೇಯುತ್ತಿದ್ದಳು. ನಿದ್ದೆಗೆಟ್ಟು ಒಮ್ಮೆ ಒಲೆಯ ಬಾಯಲ್ಲೇ ತೂಕಡಿಸಿ ಮೊಣಕೈ ಸುಟ್ಟುಕೊಂಡಿದ್ದಳು. “ಇನ್ನೊಂದ್ಸಲ ಹೀಗಾದ್ರೆ ಮನೇಲೇ ಇದ್ಬಿಡಮ್ಮ” ಎಂದಿದ್ದ ಮಾಲೀಕ. ಹಗಲು ನಿದ್ದೆ ಬಂದರೆ ಕೆಲಸ ಉಂಟು. ಬಾರದಿದ್ದರೆ ಅದೂ ಇಲ್ಲ.

“ಖಾಲಿ ಜಾಗಕ್ಕೆ ತಗಡು ಬಡಿದು ಬಾಡಿಗೆಗೆ ಕೊಡು” ಎಂದು ಅಕ್ಕಪಕ್ಕದವರು ಬುದ್ಧಿ ಹೇಳಿದರು. ಅವಳು ಹೂಂಗುಟ್ಟಿದಳು, ಮಾಡಲಿಲ್ಲ.

ಬೇಸಿಗೆ ಬಂತು. ಫ್ಯಾನ್ ಅಂಗಡಿಯ ಸಂಬಳದಾಳಾದ ನಮ್ಮ ಬುದ್ಧಿವಂತ, ಚಿಕ್ಕಮ್ಮನ ಗತಿ ಏನಾಯಿತೋ ಎಂದು ಒಂದು ಉರಿಬಿಸಿಲಿನ ಮಧ್ಯಾಹ್ನ ಟೇಬಲ್ ಫ್ಯಾನ್ ಹೊತ್ತು ಬಂದ. ಕರಗಿದ ಡಾಂಬರು ಚಪ್ಪಲಿಗೆ ಅಂಟುತ್ತಿತ್ತು. ಬಾಗಿಲು ಬಡಿಯಲು ಕೈಯೆತ್ತಿದವನಿಗೆ ಒಳಗಿನಿಂದ ಗೊರಕೆ ಕೇಳಿಸಿತು. ಸಣ್ಣಪುಟ್ಟದ್ದಲ್ಲ, ಮರ ಕೊಯ್ಯುವ ಗೊರಕೆ. ಕಿಟಕಿಯಲ್ಲಿ ಇಣುಕಿದ. ಖಾಲಿ ಜಾಗದ ನೆರಳಲ್ಲಿ ತಣಿದ ಗಾಳಿ ಕಿಟಕಿ ಹೊಕ್ಕು, ಅವಳ ಸೆರಗು ಅಲುಗಿಸಿ, ಎದುರಿನ ಕಿಟಕಿಯಿಂದ ಹೊರಟುಹೋಗುತ್ತಿತ್ತು.

ಅವನ ಎದೆ ಮೇಲಿನ ಕಲ್ಲು ಇಳಿಯಿತು. ಫ್ಯಾನೊಂದು ಬೇಡವಾದದ್ದಕ್ಕೆ ಜೀವನದಲ್ಲಿ ಮೊದಲ ಸಲ ಖುಷಿಪಟ್ಟ. ಕಂಬಕ್ಕೊರಗಿ ಕೂತವನು ಅಲ್ಲೇ ನಿದ್ದೆಹೋದ.

ಎಬ್ಬಿಸಿದ್ದು ಚಿಕ್ಕಮ್ಮ, ಕೈಯಲ್ಲಿ ಟೀ ಹಿಡಿದು. ಅವಳ ಕಣ್ಣಿನ ಕೆಂಪು ಹೋಗಿತ್ತು.

“ದಿನಾ ಹಿಂಗೇನಾ ನಿದ್ದೆ?”

“ಹೊರಳೋಕೂ ಪುರುಸೊತ್ತಿಲ್ಲ!”

ಅವನಿಗೆ ತನ್ನ ಬಾಡಿಗೆ ಕೋಣೆ ನೆನಪಾಯಿತು. ಅದೂ ತಗಡಿನದೇ. ಟೀ ಲೋಟದೊಳಗೆ ಇಣುಕುತ್ತ ರಾಗವೆಳೆದ.

“ಅಲ್ಲಾ ಚಿಕ್ಕಮ್ಮ... ಈ ಖಾಲಿ ಅರ್ಧದಲ್ಲಿ ನಾನೊಂದು ರೂಮು ಕಟ್ಕೊಳ್ಲಾ?”

“ಬೇಡ. ನೀನು ಬಂದ್ರೆ ಗಾಳಿ ಬರಲ್ಲ.”